ಗಾಡಿಯೋ, ಭತ್ಯೆಯೋ

ಗ್ರಾಹಕರ ನ್ಯಾಯಾಲಯದ ಅಧ್ಯಕ್ಷರ ಗಾಡಿ ಓಡಿಸುವವನನ್ನು ಕಚೇರಿಯಲ್ಲಿ ಎಲ್ಲರೂ ಕನ್ನಡಿ ಎಂದೇ ಕರೆಯುತ್ತಿದ್ದರು. ಒಮ್ಮೆ ಸ್ಟೇರಿಂಗ್ ಮುಂದೆ ಕೂತನೆಂದರೆ ಅವನು ಹಿಂದಕ್ಕೆ ತಿರುಗಿ ನೋಡಿದ್ದನ್ನು ಕಂಡವರಿಲ್ಲ. ಹಿಂದೆ ಕೂತವರ ಮುನಿಸು, ತೂಕಡಿಕೆ, ಹಲ್ಲುನೋವು ಎಲ್ಲವೂ ಅವನಿಗೆ ತಿಳಿಯುತ್ತಿದ್ದುದು ತಲೆಯ ಮೇಲಿನ ಅಂಗೈಯಗಲದ ಕನ್ನಡಿಯಿಂದ. ಅವನಿಗೆ ಗಾಡಿ ಕಲಿಸಿದ್ದು ಲಾರಿ ಓಡಿಸುತ್ತಿದ್ದ ಸೋದರಮಾವ. "ದೊಡ್ಡೋರ ಗಾಡಿ ಓಡಿಸೋನಿಗೆ ಕಣ್ಣು ಮುಂದಿರಬೇಕು, ಕಿವಿ ಮನೇಲಿರಬೇಕು, ಬಾಯಿ ಇರಲೇಬಾರದು" ಎಂದು ಹೇಳಿಕೊಟ್ಟಿದ್ದ. ಮಾವ ತಾನು ಆ ಮಾತಿನಂತೆ ನಡೆದವನಲ್ಲ, ಊರಿಗೆಲ್ಲ ಕೇಳುವಂತೆ ಮಾತಾಡಿ ಮೂರು ಕಡೆ ಕೆಲಸ ಕಳೆದುಕೊಂಡವನು. ಅಳಿಯ ಮಾತ್ರ ಅದನ್ನು ಮಂತ್ರದಂತೆ ಹಿಡಿದುಕೊಂಡ. ಹಿಂದಿನ ಸೀಟಿನವರು ಮಾತಾಡಿಸದೆ ತಾನಾಗಿ ಒಂದು ಮಾತನ್ನೂ ಆಡದೆ ಹದಿನಾರು ವರ್ಷ ಕಳೆದಿದ್ದ.

ಹಿಂದಿನ ಸೀಟು ಸಾಹೇಬರದು. ಅದಕ್ಕೆ ಬಿಳಿಯ ಟವೆಲು ಹೊದಿಸಿ, ಸುಕ್ಕು ಬೀಳದಂತೆ ದಿನಾ ಎಳೆದು ಸರಿಮಾಡುತ್ತಿದ್ದ. ತನ್ನ ಪಕ್ಕದ ಸೀಟು ಅವನ ಸಂಸಾರ. ಮೂರು ಅಂತಸ್ತಿನ ಊಟದ ಡಬ್ಬಿ, ನೀರಿನ ಬಾಟಲಿ, ಒರೆಸುವ ಬಟ್ಟೆ, ಮುರುಕು ಕಡ್ಡಿಯ ಕೊಡೆ, ಬೂಟು ಪಾಲಿಶಿನ ಡಬ್ಬ. ಡಬ್ಬಿ ಉರುಳದಿರಲೆಂದು ಅದಕ್ಕೆ ಸೀಟಿನ ಬೆಲ್ಟು ಬಿಗಿಯುತ್ತಿದ್ದ. "ನಿನ್ನ ಡಬ್ಬಿಗಿರೋ ಭದ್ರತೆ ನಮ್ಮ ನೌಕರಿಗಿಲ್ಲ ಕಣೋ" ಎಂದು ಶಿರಸ್ತೇದಾರರು ನಗುತ್ತಿದ್ದರು. ಅವರದು ಖಾಯಂ ನೌಕರಿ, ಆದ್ದರಿಂದ ನಗು ಬರುತ್ತಿತ್ತು. ಕನ್ನಡಿಯದು ಹಾಗಲ್ಲ. ಅಧ್ಯಕ್ಷರಿಗೆ ಕೊಡುವ ವಾಹನ ಸೌಲಭ್ಯದ ಜೊತೆಯಲ್ಲೇ ಅವನ ಸಂಬಳವೂ ಬರುತ್ತಿತ್ತು. ಗಾಡಿ ಇದ್ದರೆ ಅವನು, ಗಾಡಿ ಹೋದರೆ ಅವನೂ ಹೋದ. ಅನ್ನ ಕೊಡುವವನು ಮೇಲೆ ಬೇರೆಯೇ ಇದ್ದಾನೆ, ಅದಕ್ಕೆ ಸಹಿ ಹಾಕುವವರು ಮಾತ್ರ ಬದಲಾಗುತ್ತಿರುತ್ತಾರೆ ಎಂದು ಅವನ ಹೆಂಡತಿ ಸಮಾಧಾನ ಹೇಳುತ್ತಿದ್ದಳು. ಆಕೆ ಮನೆಯಲ್ಲೇ ಬಟ್ಟೆಗಳ ಹೊಲಿಗೆ ಬಿಚ್ಚಿ, ಅಳತೆ ಸರಿಮಾಡಿ, ಹೊಲಿದು ಕೊಡುವವಳು. ತೆಳ್ಳಗಾದವರಿಗೆ ಒಳಗೆ ಹಿಡಿಯುವುದು, ದಪ್ಪಗಾದವರಿಗೆ ಹೊರಗೆ ಬಿಡುವುದು. ಯಾರ ಮುಂದೆಯೂ ಯಾರ ಅಳತೆಯನ್ನೂ ಆಡಿದವಳಲ್ಲ.

ಇಲ್ಲಿಗೆ ಅಧ್ಯಕ್ಷರಾಗಿ ಬರುವವರೆಲ್ಲ ನಿವೃತ್ತ ನ್ಯಾಯಾಧೀಶರು. ಫ್ರಿಜ್ಜು ತಣ್ಣಗಾಗಲಿಲ್ಲ, ಕಟ್ಟಿಸಿಕೊಟ್ಟ ಮನೆ ಸೋರಿತು, ವಿಮೆಯವರು ದುಡ್ಡು ಕೊಡಲಿಲ್ಲ ಎಂದು ದೂರು ತರುವವರಿಗೆ ನ್ಯಾಯ ಹೇಳುವ ಕೆಲಸ. ಮೊದಲಿನ ಸಾಹೇಬರು ಬಾಗಿಲನ್ನು ಬಡಿದು ಹಾಕುತ್ತಿದ್ದರು. ಕೆಲಸಕ್ಕೆ ಸೇರಿ ಒಂದು ತಿಂಗಳಾದಾಗ ಹಿಂದಿನ ಸೀಟಿನಲ್ಲಿ ಕೂತು ಫೋನಿನಲ್ಲಿ ಯಾರಿಗೋ ಹೇಳಿದ್ದನ್ನು ಅವನು ಕೇಳಿದ್ದ. "ಅಲ್ಲ ಮಾರಾಯ, ಕೊನೇಲಿ ತಗೊಂಡ ಸಂಬಳಾನೇ ಕೊಡ್ತೀವಿ ಅಂತಾರೆ, ಅದರಲ್ಲಿ ಪೆನ್ಷನ್ನು ಕಳೀತಾರೆ. ಮನೇಲಿ ಕಾಲು ಚಾಚಿ ಕೂತಿದ್ರೂ ಆ ಪೆನ್ಷನ್ನು ಬರ್ತಿತ್ತಲ್ಲ. ಈಗ ದುಡಿಯೋದು ಮಿಕ್ಕಿದ್ದಕ್ಕೆ ಅಂತಾಯ್ತು." ಅವತ್ತು ಕನ್ನಡಿಗೆ ಆಶ್ಚರ್ಯವಾಗಿತ್ತು. ಸಂಬಳದ ವಿಷಯಕ್ಕೆ ಕೊರಗುವುದು ತನ್ನಂಥವರು ಮಾತ್ರ ಎಂದುಕೊಂಡಿದ್ದವನು, ತೀರ್ಪು ಕೊಡುವವರ ಮನೆಯ ದೋಸೆಯೂ ತೂತೇ ಎಂದು ತಿಳಿದುಕೊಂಡ. ಎರಡನೆಯ ಸಾಹೇಬರು ಸ್ವಂತ ಮನೆಯಲ್ಲಿದ್ದವರು. ಸ್ವಂತ ಮನೆಯವರಿಗೆ ಮನೆಬಾಡಿಗೆ ಭತ್ಯೆ ಉಂಟೋ ಇಲ್ಲವೋ ಎಂದು ಮೇಲಿನ ಕಚೇರಿಗೆ ಬರೆದು ಬರೆದು, ಉತ್ತರ ಬರುವ ಹೊತ್ತಿಗೆ ಅವರ ಅವಧಿಯೇ ಮುಗಿದುಹೋಗಿತ್ತು. "ಊರಿಗೆಲ್ಲ ನ್ಯಾಯ ಕೊಡೋನು ನಾನು, ನನ್ನ ದೂರಿಗೆ ಮಾತ್ರ ವಾಯಿದೆ ಮೇಲೆ ವಾಯಿದೆ" ಎಂದು ಅವರು ಕಿಟಕಿಯ ಕಡೆ ನೋಡಿಕೊಂಡು ಹೇಳಿದ್ದರು. ಮೂರನೆಯವರು ಕೂತ ಕೂಡಲೇ ನಿದ್ದೆಹೋಗುತ್ತಿದ್ದರು. ಅವರ ಸಲುವಾಗಿ ಅವನು ರಸ್ತೆಯ ಗುಂಡಿಗಳನ್ನೆಲ್ಲ ಬಾಯಿಪಾಠ ಮಾಡಿಕೊಂಡಿದ್ದ.

ಹೀಗೆ ಮೂವರು ಮೂರು ಬಗೆಯಾದರೂ ಒಂದು ವಿಷಯದಲ್ಲಿ ಒಂದೇ ಆಗಿದ್ದರು. ಬಂದ ಮೊದಲ ದಿನವೇ ಶಿರಸ್ತೇದಾರರು ಒಂದು ಹಾಳೆಯನ್ನು ಮುಂದಿಡುತ್ತಿದ್ದರು. ಕಚೇರಿಯ ಗಾಡಿ ಬೇಕೋ, ಅದರ ಬದಲು ತಿಂಗಳು ತಿಂಗಳು ವಾಹನ ಭತ್ಯೆ ಬೇಕೋ, ಒಂದನ್ನು ಆರಿಸಿಕೊಳ್ಳಬೇಕು. ಮೂವರೂ ಗಾಡಿ ಎಂದು ಬರೆದಿದ್ದರು. ಆದ್ದರಿಂದ ಆ ಹಾಳೆಯಲ್ಲಿ ತನ್ನ ತಲೆ ಇದೆ ಎಂಬುದು ಕನ್ನಡಿಗೆ ಎಂದೂ ಹೊಳೆದಿರಲಿಲ್ಲ.

ನಾಲ್ಕನೆಯವರಾಗಿ ಬಂದವರು ಹೆಂಗಸು. ಸಣ್ಣ ಆಳು, ಹತ್ತಿ ಸೀರೆ, ಬಿಳಿ ಕೂದಲನ್ನು ಬಿಗಿಯಾಗಿ ಗಂಟು ಹಾಕಿದವರು. ಮನೆ ಕಚೇರಿಯಿಂದ ಬಹಳ ದೂರವಲ್ಲ. ಮೊದಲ ದಿನ ಅವನು ಗೇಟಿನ ಮುಂದೆ ಗಾಡಿ ನಿಲ್ಲಿಸಿ, ಹಿಂದಿನ ಬಾಗಿಲು ತೆರೆದು ನಿಂತ. ಆಕೆ ಒಂದು ಕ್ಷಣ ಗಾಡಿಯನ್ನು ನೋಡಿದರು, ಅವನಿಗೆ ನಮಸ್ಕಾರ ಹೇಳಿದರು, ಹತ್ತಿ ಕೂತರು. ಎರಡು ತಿರುವು ಕಳೆಯುವಷ್ಟರಲ್ಲಿ ಕನ್ನಡಿಯಲ್ಲಿ ಮುಖ ಬೇರೆಯೇ ಆಗಿತ್ತು. ಕಣ್ಣು ಮುಚ್ಚಿಕೊಂಡಿದ್ದರು, ತುಟಿ ಬಿಗಿದಿತ್ತು, ಕರವಸ್ತ್ರವನ್ನು ಮೂಗಿಗೆ ಒತ್ತಿ ಹಿಡಿದಿದ್ದರು. ಅಂಚೆ ಕಚೇರಿಯ ಮೂಲೆ ಬರುತ್ತಿದ್ದ ಹಾಗೆ "ಇಲ್ಲೇ ನಿಲ್ಲಿಸಿ" ಎಂದರು. ಇಳಿದು, ಕಂಬ ಹಿಡಿದು ಸ್ವಲ್ಪ ಹೊತ್ತು ನಿಂತು, ಮಿಕ್ಕ ದಾರಿಯನ್ನು ನಡೆದೇ ಹೋದರು.

ಮಾರನೆಯ ದಿನದಿಂದ ಗಾಡಿಯೇ ಬೇಡವೆಂದರು. ಬೆಳಗ್ಗೆ ನಡೆದು ಬರುವುದು, ಸಂಜೆ ನಡೆದು ಹೋಗುವುದು.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ ಕನ್ನಡಿ ತನ್ನ ಗಾಡಿಯನ್ನು ಮೂಸಿ ನೋಡಿದ. ಡಬ್ಬಿಯಲ್ಲಿನ ಬೆಳ್ಳುಳ್ಳಿಯ ವಾಸನೆಯೇ? ಮೂರನೆಯ ಸಾಹೇಬರು ಬಿಟ್ಟುಹೋದ ಮುಲಾಮಿನ ವಾಸನೆಯೇ? ಸೀಟುಗಳನ್ನು ಬಿಚ್ಚಿ ಬಿಸಿಲಿಗೆ ಹಾಕಿದ. ಟವೆಲನ್ನು ಹೆಂಡತಿಯಿಂದ ಮತ್ತೆ ಮತ್ತೆ ಒಗೆಸಿದ. ಕೈಯಿಂದಲೇ ಕಾಸು ಹಾಕಿ ಗುಲಾಬಿ ಪರಿಮಳದ ಒಂದು ಡಬ್ಬಿ ತಂದು ಗಾಜಿನ ಮುಂದೆ ಇಟ್ಟ. ಗಾಡಿ ಮದುವಣಗಿತ್ತಿಯ ಹಾಗೆ ಕಮ್ಮಗಾಯಿತು, ಹತ್ತುವವರಿಲ್ಲ.

"ಏನಪ್ಪಾ, ಏನ್ ಮಾಡ್ದೆ ಮೇಡಂಗೆ?" ಶಿರಸ್ತೇದಾರರು ಕೇಳಿದರು.

"ಏನೂ ಮಾಡಿಲ್ಲ ಸಾರ್. ಬಾಯಿ ಬಿಟ್ಟಿಲ್ಲ ನಾನು."

"ಆ ಹಾಳೆ ಮೂರು ವಾರದಿಂದ ಮೇಜಿನ ಮೇಲೇ ಇದೆ. ಗಾಡಿ ಬೇಡ ಅಂತಾರೆ. ಸರಿ, ಭತ್ಯೆ ತಗೊಳ್ಳಿ ಮೇಡಂ ಅಂದೆ. ನಂಗೆ ಸ್ವಂತ ಗಾಡೀನೇ ಇಲ್ಲ, ಇಲ್ಲದ ಗಾಡಿಗೆ ಭತ್ಯೆ ತಗೊಳ್ಳೋದು ಹೇಗ್ರೀ ಅಂತಾರೆ. ಎಲ್ಲರೂ ತಗೋತಾರೆ ಮೇಡಂ ಅಂದೆ. ಹಂಗೆ ನೋಡಿದ್ರು ನನ್ನ. ಆ ನೋಟಕ್ಕೆ ನಾನೇ ಎದುರು ಪಾರ್ಟಿ ಆಗ್ಬಿಟ್ಟೆ." ಶಿರಸ್ತೇದಾರರು ಕನ್ನಡಕ ತೆಗೆದು ಒರೆಸಿದರು. "ಎರಡೂ ಬೇಡ ಅಂತ ಬರೆದ್ರೆ ಗಾಡಿ ವಾಪಸ್ಸು. ಬರೋ ಶುಕ್ರವಾರ ಹಾಳೆ ಕಳಿಸಲೇಬೇಕು. ನಿಂಗೆ ಹೇಳಿಲ್ಲ ಅನ್ಬೇಡ."

"ಮತ್ತೆ ನಾನು?"

"ಗಾಡಿ ಜೊತೆಗೆ ನೀನು."

ಆಮೇಲೆ ಶಿರಸ್ತೇದಾರರು ದನಿ ತಗ್ಗಿಸಿ, "ಗಾಡಿ ಓಡ್ತಾ ಇದೆ ಅಂತ ಕಾಣಿಸ್ಬೇಕು ನೋಡು. ನಿಂತ ಗಾಡಿ ಅಂತಾದ್ರೆ ಮುಗೀತು" ಎಂದರು.

ಆ ಮಾತನ್ನು ಅವನು ತನಗೆ ತೋಚಿದ ಹಾಗೆ ಅರ್ಥಮಾಡಿಕೊಂಡ. ಮಾರನೆಯ ಬೆಳಗ್ಗೆ ಅಧ್ಯಕ್ಷೆ ಮನೆಯಿಂದ ಹೊರಟು ರಸ್ತೆಗೆ ಇಳಿದಾಗ, ಹಿಂದೆ ಹತ್ತು ಮಾರು ದೂರದಲ್ಲಿ ಕಚೇರಿಯ ಬಿಳಿ ಗಾಡಿ ಮೊದಲ ಗೇರಿನಲ್ಲಿ ಗುರ್ರೆನ್ನುತ್ತ ಹೊರಟಿತು. ಆಕೆ ನಡೆದರೆ ನಡೆಯುವುದು, ನಿಂತರೆ ನಿಲ್ಲುವುದು. ಅದರ ಹಿಂದೆ ಬಸ್ಸು, ಬಸ್ಸಿನ ಹಿಂದೆ ಹಾಲಿನ ವ್ಯಾನು, ಎಲ್ಲರ ಹಾರನ್ನು. ಕ್ಷೌರದಂಗಡಿಯವನು ಅರ್ಧ ಬೋಳಿಸಿದ ಗಿರಾಕಿಯನ್ನು ಬಿಟ್ಟು ಬಾಗಿಲಿಗೆ ಬಂದ. "ಏನಣ್ಣಾ, ಮೆರವಣಿಗೇನಾ? ಬ್ಯಾಂಡಿನೋರು ಎಲ್ಲಿ?" ಎಂದ. ರಸ್ತೆಯ ಬದಿಯಲ್ಲಿ ಎದುರಾದ ಒಬ್ಬ ಮುದುಕ ಶವಯಾತ್ರೆ ಇರಬಹುದೆಂದು ಟೋಪಿ ತೆಗೆದು ನಿಂತ. ಕನ್ನಡಿ ಯಾರನ್ನೂ ನೋಡಲಿಲ್ಲ, ಮುಂದೆ ನೋಡಿದ. ಕಣ್ಣು ಮುಂದಿರಬೇಕು.

ಆಕೆ ಎರಡು ದಿನ ಸಹಿಸಿಕೊಂಡರು. ಮೂರನೆಯ ದಿನ ಅಂಚೆ ಕಚೇರಿಯ ಮೂಲೆಯಲ್ಲಿ ನಿಂತು, ತಿರುಗಿ, ಗಾಡಿಯ ಹತ್ತಿರಕ್ಕೇ ಬಂದರು. ಅವನು ಇಳಿದು ಕೈಕಟ್ಟಿ ನಿಂತ.

"ನನ್ನ ಹಿಂದೆ ಯಾಕೆ ಬರ್ತಿದ್ದೀರಿ?"

"ನಾನು ಬರ್ತಿಲ್ಲ ಮೇಡಂ. ನೀವು ಮುಂದೆ ಹೋಗ್ತಿದ್ದೀರಿ."

ಆಕೆಯ ತುಟಿಯ ಒಂದು ಕೊನೆ ಅಲುಗಿತು. "ಅದು ವಕೀಲರ ಉತ್ತರ. ನಂಗೆ ಸಾಕ್ಷಿಯ ಉತ್ತರ ಬೇಕು."

ಕೇಳಿದ ಮೇಲೆ ಹೇಳದೆ ವಿಧಿಯಿರಲಿಲ್ಲ. ಹಾಳೆ, ಗಾಡಿ, ತನ್ನ ಸಂಬಳ ಮೂರನ್ನೂ ಹೇಳಿದ. ಗೋಳಾಡಲಿಲ್ಲ, ಬಸ್ಸಿನ ಹೊತ್ತು ಹೇಳಿದ ಹಾಗೆ ಹೇಳಿದ. ಹೇಳಿ ಮುಗಿಸುವಾಗ ಮಾತ್ರ ಕೈ ತಾನಾಗಿ ಹೋಗಿ ಬಾನೆಟ್ಟಿನ ಮೇಲಿನ ಧೂಳನ್ನು ಒರೆಸಿತು.

"ಇದು ನಂಗೆ ಯಾರೂ ಹೇಳ್ಲಿಲ್ಲ" ಎಂದರು ಆಕೆ. "ಆದರೂ ನೋಡಿ, ನಾನು ಹತ್ತದ ಗಾಡೀನ ಬೇಕು ಅಂತ ಬರೆಯೋಕಾಗಲ್ಲ. ಜನರ ದುಡ್ಡಲ್ಲಿ ಖಾಲಿ ಗಾಡಿ ಓಡಿಸಿದ ಹಾಗಾಗುತ್ತೆ. ಸರ್ವಿಸ್ ಕೊಡದೆ ದುಡ್ಡು ತಗೊಂಡೋರಿಗೆ ದಿನಾ ದಂಡ ಹಾಕೋಳು ನಾನು. ನೀವೇ ಹೇಳಿ."

"ಹೌದು ಮೇಡಂ" ಎಂದ.

"ಬೇರೆ ಕಡೆ ಕೆಲಸಕ್ಕೆ ಒಂದು ಮಾತು ಹೇಳಿ ನೋಡ್ತೀನಿ" ಎಂದು ಆಕೆ ನಡೆದರು. ಅವತ್ತು ಗಾಡಿ ಹಿಂದೆ ಹೋಗಲಿಲ್ಲ. ಬೇರೆ ಬೀದಿಯಿಂದ ಕಚೇರಿಗೆ ಹೋಗಿ ನೆರಳಿನಲ್ಲಿ ನಿಂತಿತು.

ಗುರುವಾರ ಸಂಜೆ ಮನೆಯಲ್ಲಿ ಅವನು ಊಟದ ಡಬ್ಬಿಯನ್ನು ತೊಳೆಯುವುದಕ್ಕೆ ಹಾಕದೆ ಮೊಣಕಾಲ ಮೇಲೆ ಇಟ್ಟುಕೊಂಡು ಕೂತಿದ್ದ. ಹೆಂಡತಿ ಯಾರದೋ ಕೋಟಿನ ಹೊಲಿಗೆ ಬಿಚ್ಚುತ್ತಿದ್ದಳು.

"ನಾಳೆ ಹಾಳೆ ಹೋಗುತ್ತೆ" ಎಂದ.

"ಹೋಗ್ಲಿ. ನಿಮ್ಮ ಮೇಲೆ ಅವ್ರಿಗೆ ಯಾಕಿಷ್ಟು ಸಿಟ್ಟು ಅಂತ ಕೇಳ್ಬಾರ್ದಾ?"

"ಸಿಟ್ಟು ಅಂತ ಹೇಳಕ್ಕಾಗಲ್ಲ. ನಿಂತು ಚೆನ್ನಾಗೇ ಮಾತಾಡಿದ್ರು. ಗಾಡಿ ಒಳಗೆ ಕೂತಾಗಲೇ ಮುಖ ಹಂಗಾಗಿದ್ದು. ಕಣ್ಣು ಮುಚ್ಕೊಂಡು, ಮೂಗಿಗೆ ಬಟ್ಟೆ ಹಿಡ್ಕೊಂಡು, ಸುಣ್ಣದ ಹಂಗೆ ಬೆಳ್ಳಗಾಗಿ..."

ಹೆಂಡತಿಯ ಕತ್ತರಿ ನಿಂತಿತು. "ಇಳಿದ ಮೇಲೆ?"

"ಕಂಬ ಹಿಡ್ಕೊಂಡು ನಿಂತ್ರು."

"ಅಯ್ಯೋ ನಿಮ್ಮ. ಅದು ಸಿಟ್ಟಲ್ಲ, ವಾಕರಿಕೆ." ಅವಳು ಕೋಟನ್ನು ಪಕ್ಕಕ್ಕಿಟ್ಟಳು. "ನಿಮ್ಮಮ್ಮ ಏನ್ ಮಾಡ್ತಿದ್ರು ಬಸ್ಸಲ್ಲಿ? ಸೆರಗು ಬಾಯಿಗಿಟ್ಕೊಂಡು ಕಣ್ಣು ಮುಚ್ಚಿದ್ರೆ ಊರು ಬರೋವರೆಗೂ ತೆಗೀತಿರ್ಲಿಲ್ಲ. ಹೆತ್ತಮ್ಮನ ಕಾಯಿಲೆ ಗುರುತು ಸಿಗಲಿಲ್ವಾ ನಿಮ್ಗೆ?"

ಅಮ್ಮನನ್ನು ಅವನು ಯಾವತ್ತೂ ಕನ್ನಡಿಯಲ್ಲಿ ನೋಡಿರಲಿಲ್ಲ. ಕನ್ನಡಿಯಲ್ಲಿ ಕಂಡ ಮುಖಗಳೆಲ್ಲ ಅವನಿಗೆ ಸಾಹೇಬರ ಮುಖಗಳು, ಅಲ್ಲಿ ಕಾಣುವುದೆಲ್ಲ ತನ್ನ ತಪ್ಪಿನ ನೆರಳು. ಅವರಿಗೂ ಹೊಟ್ಟೆ ತೊಳಸಬಹುದು ಎಂಬ ಕಡೆಗೆ ಬುದ್ಧಿಯೇ ಹೋಗಿರಲಿಲ್ಲ. ಅದರ ಮೇಲೆ ಗುಲಾಬಿ ಪರಿಮಳ ಬೇರೆ ತಂದಿಟ್ಟಿದ್ದ.

"ಅತ್ತೆನ ಡ್ರೈವರ್ ಪಕ್ಕ ಮುಂದೆ ಕೂರಿಸಿದ ಮೇಲೆ ಸರಿಹೋಯ್ತಲ್ಲ" ಎಂದಳು ಹೆಂಡತಿ. "ಇವ್ರನ್ನೂ ಹಂಗೇ ಕೂರಿಸ್ಕೊಂಡು ಹೋಗಿ."

"ಜಡ್ಜನ್ನ ಮುಂದೆ ಕೂರಿಸ್ತಾರೇನೇ? ಹಿಂದಿನ ಸೀಟು ಅಂದ್ರೆ ಅದು... ಬೇರೆ ಡ್ರೈವರ್‌ಗಳು ಬದುಕೋಕೆ ಬಿಡ್ತಾರಾ ನನ್ನ?"

"ಕೆಲಸ ಹೋದ ಮೇಲೆ ಅವ್ರು ಬಂದು ಅನ್ನ ಹಾಕ್ತಾರಾ?"

"ನಾನಾಗಿ ಮಾತಾಡ್ಸೋದು ಹೇಗೆ? ಹದಿನಾರು ವರ್ಷದಿಂದ..."

"ದೇವ್ರು ಬಾಯಿ ಕೊಟ್ಟಿದ್ದು ಊಟಕ್ಕೆ ಮಾತ್ರ ಅಂತ ನಿಮ್ಮ ಸೋದರಮಾವ ಹೇಳಿದ್ನಾ?" ಎಂದು ಅವಳು ಕೋಟನ್ನು ಮತ್ತೆ ಎತ್ತಿಕೊಂಡಳು. ಮಾತು ಅಲ್ಲಿಗೆ ಮುಗಿಯಿತು. ದೀಪ ಆರಿಸುವ ಮೊದಲು ಎಂದಿನಂತೆ ಕೈಮುಗಿದಾಗ ಆಕೆ ಮಾಮೂಲಿಗಿಂತ ತುಸು ಹೆಚ್ಚು ಹೊತ್ತು ನಿಂತಿದ್ದಳು, ಅಷ್ಟೇ.

ಶುಕ್ರವಾರ ಬೆಳಗ್ಗೆ ಗಾಡಿ ಅಧ್ಯಕ್ಷೆಯ ಗೇಟಿನ ಮುಂದೆ ನಿಂತಿತ್ತು. ಗುಲಾಬಿ ಡಬ್ಬಿ ಇರಲಿಲ್ಲ. ಕಿಟಕಿಗಳೆಲ್ಲ ಇಳಿದಿದ್ದವು. ತೆರೆದಿದ್ದುದು ಹಿಂದಿನ ಬಾಗಿಲಲ್ಲ, ಮುಂದಿನದು. ಆಕೆ ಹೊರಗೆ ಬಂದು ತೆರೆದ ಬಾಗಿಲನ್ನೂ ಅವನನ್ನೂ ನೋಡಿದರು. ಕೇಳುತ್ತಾರೆಂದು ಅವನು ಕಾದ. ಆಕೆ ಕೇಳಲಿಲ್ಲ. ಕೇಳದೆ ನಿಂತು ಕಾಯುವುದು ಆಕೆಯ ಕಸುಬೇ ಆಗಿತ್ತು.

"ಮೇಡಂ" ಎಂದ. "ನಮ್ಮಮ್ಮನಿಗೂ ಹಿಂದೆ ಕೂತ್ರೆ ಆಗ್ತಿರ್ಲಿಲ್ಲ. ಮುಂದೆ ಕೂತು ದೂರ ನೋಡ್ತಿದ್ರೆ ಏನೂ ಆಗ್ತಿರ್ಲಿಲ್ಲ. ಅದಕ್ಕೆ..."

ಆಕೆ ಗೇಟಿನ ಚಿಲಕವನ್ನು ನಿಧಾನವಾಗಿ ಹಾಕಿದರು.

"ನಂಗೆ ಗೊತ್ತು" ಎಂದರು. "ನನ್ನ ತಮ್ಮನ ಗಾಡೀಲಿ ಮುಂದೇನೇ ಕೂರೋದು. ಹೊಸದಾಗಿ ಜಡ್ಜ್ ಆದಾಗ ನಮ್ಮ ಡ್ರೈವರನ್ನ ಕೇಳಿದ್ದೆ, ಮುಂದೆ ಕೂರ್ಲಾ ಅಂತ. ಅವ್ರು ನಂಗಿಂತ ದೊಡ್ಡೋರು. ಕಣ್ಣಲ್ಲಿ ನೀರು ತಂದ್ಕೊಂಡ್ಬಿಟ್ರು. ಬೇಡಮ್ಮಾ, ನೀವು ಮುಂದೆ ಕೂತ್ರೆ ಜನ ನನ್ನ ಏನಂತಾರೆ, ಸಲಿಗೆ ತಗೊಂಡ ಅಂತಾರೆ ಅಂದ್ರು. ಆಮೇಲೆ ಯಾರನ್ನೂ ಕೇಳ್ಲಿಲ್ಲ. ಕೋರ್ಟಿನ ಹತ್ರ ಮನೆ ಹುಡುಕಿ ನಡೆದೇ ಓಡಾಡಿದೆ. ದೂರ ಹೋಗಬೇಕಾದಾಗ ಹಿಂದಿನ ರಾತ್ರಿಯಿಂದ ಊಟ ಬಿಡ್ತಿದ್ದೆ."

"ಇಷ್ಟು ವರ್ಷಾನಾ ಮೇಡಂ?"

"ಇಷ್ಟು ವರ್ಷ. ನಿಮ್ಮನ್ನ ಏನೂ ಅನ್ನಲ್ವಾ ಜನ?"

ಅವನು ಯೋಚಿಸಿದ. ಸುಳ್ಳು ಹೇಳುವುದು ಬೇಡವೆನಿಸಿತು. "ಅಂತಾರೆ ಮೇಡಂ. ಕ್ಷೌರದಂಗಡಿಯೋನು ಆಗಲೇ ಅಂದಿದ್ದಾನೆ."

ಈ ಸಲ ಆಕೆ ನಕ್ಕೇಬಿಟ್ಟರು. ಮುಂದೆ ಬಂದು ಬಗ್ಗಿ ನೋಡಿದರು. "ಇಲ್ಲಿ ಯಾರೋ ಕೂತಿದ್ದಾರಲ್ಲ."

ಬಾಗಿಲು ತೆರೆದ ಗಡಿಬಿಡಿಯಲ್ಲಿ ಡಬ್ಬಿಯನ್ನು ಎತ್ತುವುದನ್ನೇ ಮರೆತಿದ್ದ. ಬೆಲ್ಟು ಬಿಗಿದುಕೊಂಡು ಅದು ತನ್ನ ಜಾಗದಲ್ಲಿ ಗಂಭೀರವಾಗಿ ಕೂತಿತ್ತು. ಅವನು ನಾಲಿಗೆ ಕಚ್ಚಿಕೊಂಡು ಬೆಲ್ಟು ಬಿಚ್ಚಿದ. ಡಬ್ಬಿ, ಬಾಟಲಿ, ಕೊಡೆ, ಬಟ್ಟೆ, ಪಾಲಿಶು ಎಲ್ಲವನ್ನೂ ತೋಳಲ್ಲಿ ತಬ್ಬಿಕೊಂಡು ಎಲ್ಲಿಡುವುದೆಂದು ತಿಳಿಯದೆ ನಿಂತ. ಆಕೆಯೇ ಹಿಂದಿನ ಬಾಗಿಲನ್ನು ತೆರೆದು ಹಿಡಿದರು.

ದಾರಿಯುದ್ದಕ್ಕೂ ಅವನಿಗೆ ಎಲ್ಲಿ ನೋಡಬೇಕೆಂದು ತಿಳಿಯಲಿಲ್ಲ. ಪಕ್ಕದಲ್ಲೇ ಒಬ್ಬರು ಉಸಿರಾಡುತ್ತಿದ್ದರು, ರಸ್ತೆಯನ್ನು ತನ್ನ ಹಾಗೇ ನೋಡುತ್ತಿದ್ದರು, ಅಡ್ಡ ಬಂದ ಸೈಕಲ್ಲಿಗೆ ತನ್ನ ಹಾಗೇ ಬಲಗಾಲನ್ನು ಒತ್ತುತ್ತಿದ್ದರು. "ಇಲ್ಲೊಂದು ಗುಂಡಿ ಇದೆ ಮೇಡಂ" ಎಂದ. ಅದು ಅವನು ತಾನಾಗಿ ಆಡಿದ ಎರಡನೆಯ ಮಾತು. "ಗೊತ್ತು, ದಿನಾ ಸುತ್ತಿಕೊಂಡು ನಡೀತೀನಿ" ಎಂದರು ಆಕೆ. ಅಂಚೆ ಕಚೇರಿಯ ಮೂಲೆ ಬಂತು, ಹೋಯಿತು. ಆಕೆಯ ಕರವಸ್ತ್ರ ಮಡಿಲಲ್ಲಿ ಮಡಿಸಿದ ಹಾಗೇ ಇತ್ತು.

ಕಚೇರಿಯ ಅಂಗಳದಲ್ಲಿ ಬೇರೆ ಗಾಡಿಗಳ ಡ್ರೈವರ್‌ಗಳು ಬೀಡಿ ಹಿಡಿದು ನಿಂತಿದ್ದರು. ಮುಂದಿನ ಬಾಗಿಲಿನಿಂದ ಅಧ್ಯಕ್ಷೆ ಇಳಿದುದನ್ನು ಕಂಡು ಬೀಡಿಗಳು ಬೆನ್ನ ಹಿಂದೆ ಹೋದವು. ಆಕೆ ಮೆಟ್ಟಿಲು ಹತ್ತಿ ಮರೆಯಾದ ಮೇಲೆ ಒಬ್ಬ ಕೇಳಿದ. "ಏನೋ ಕನ್ನಡಿ, ಹಿಂದಿನ ಸೀಟು ಬಾಡಿಗೆಗೆ ಕೊಟ್ಯಾ?"

"ಹೂಂ. ಮುಂದೆ ಕೂತ್ರೆ ದಾರಿ ಚೆನ್ನಾಗಿ ಕಾಣುತ್ತಂತೆ."

"ಇವತ್ತು ಮುಂದಿನ ಸೀಟು, ನಾಳೆ ಸ್ಟೇರಿಂಗು. ನೋಡ್ಕೋ."

"ಅವ್ರು ಓಡಿಸ್ತೀನಿ ಅಂದ್ರೆ ನಾನು ಹಿಂದೆ ಹೋಗಿ ಕೂರ್ತೀನಪ್ಪ" ಎಂದ ಕನ್ನಡಿ. ಇದು ಮೂರನೆಯ ಮಾತೋ ನಾಲ್ಕನೆಯದೋ, ಅವನು ಎಣಿಸುವುದನ್ನು ಬಿಟ್ಟಿದ್ದ. ಅವರು ನಕ್ಕರು. ಆ ನಗುವಿನಲ್ಲಿ ಕುಹಕವೂ ಇತ್ತು. ಕೆಲವು ತಿಂಗಳು ಇದ್ದೇ ಇತ್ತು, ಆಮೇಲೆ ಅದಕ್ಕೂ ಬೇಸರವಾಯಿತು.

ಮಧ್ಯಾಹ್ನ ಶಿರಸ್ತೇದಾರರು ಹಾಳೆ ಹಿಡಿದು ಅಂಗಳಕ್ಕೇ ಬಂದರು. ಗಾಡಿ ಎಂಬುದರ ಮುಂದೆ ಗುರುತು ಬಿದ್ದಿತ್ತು, ಕೆಳಗೆ ಸಹಿ ಇತ್ತು. "ಏನ್ ಮಂತ್ರ ಹಾಕ್ದೆ ಮಾರಾಯ?" ಎಂದು ಕೇಳಿದರು. ಮೇಡಂ ಅವರ ವಾಕರಿಕೆಯ ವಿಷಯ ಅವನ ನಾಲಿಗೆಯ ತುದಿಗೆ ಬಂದಿತ್ತು. ಅದು ಆಕೆಯ ಅಳತೆ, ತಾನು ಆಡುವಂಥದ್ದಲ್ಲ ಎನಿಸಿತು. "ಬಾಯಿ ಬಿಟ್ಟೆ ಸಾರ್, ಅಷ್ಟೇ" ಎಂದ.

ಆಕೆಯ ಅವಧಿ ಮುಗಿಯುವವರೆಗೂ ಹಾಗೆಯೇ ನಡೆಯಿತು. ಪಿಂಚಣಿ ಕಳೆದು ಬರುವ ಸಂಬಳದ ಬಗ್ಗೆ ಆಕೆ ಒಮ್ಮೆ ಮಾತ್ರ ಮಾತಾಡಿದ್ದರು. "ಒಂದು ಹೊಟ್ಟೆಗೆ ಎರಡು ಊಟ ಬೇಡ ಅಂತಾರೆ, ಸರಿಯಾಗೇ ಇದೆ" ಎಂದಿದ್ದರು. ಆಮೇಲೆ ಸ್ವಲ್ಪ ತಡೆದು, "ಸ್ವಲ್ಪ ಜಾಸ್ತಿ ಬಡಿಸಿದ್ರೂ ಬೇಡ ಅಂತಿರ್ಲಿಲ್ಲ" ಎಂದು ಸೇರಿಸಿದ್ದರು.

ಹಿಂದಿನ ಸೀಟಿಗೆ ಕನ್ನಡಿ ದಿನವೂ ಬಿಳಿ ಟವೆಲು ಹೊದಿಸುವುದನ್ನು ನಿಲ್ಲಿಸಲಿಲ್ಲ. ಸುಕ್ಕಿಲ್ಲದ ಆ ಟವೆಲಿನ ನಡುವೆ ಬೆಲ್ಟು ಬಿಗಿದುಕೊಂಡು ಅವನ ಊಟದ ಡಬ್ಬಿ ಕೂತು ಹೋಗುತ್ತಿತ್ತು. ಅಭ್ಯಾಸ ಬಲದಿಂದ ಅವನು ಆಗಾಗ ತಲೆಯೆತ್ತಿ ಕನ್ನಡಿಯಲ್ಲಿ ಅದನ್ನು ನೋಡುತ್ತಿದ್ದ. ಗುಂಡಿ ಬಂದಾಗ, ಮೂರನೆಯ ಸಾಹೇಬರ ಕಾಲದಲ್ಲಿ ಮಾಡುತ್ತಿದ್ದ ಹಾಗೆಯೇ, ವೇಗ ಇಳಿಸುತ್ತಿದ್ದ.